ಪ್ರಶ್ನೋತ್ತರ: ನ್ಯುಮೋನಿಯಾ ಬಂದರೆ ಥಂಡಿಯನ್ನೇ ಯಾಕೆ ಬೈಯುತ್ತೀರಿ?

ಅಡ್ಮಿನ್: ಹೋದ ವಾರ ಗುಂಪಿನ ಇಬ್ಬರ ಮನೆಯಲ್ಲಿ ನ್ಯುಮೋನಿಯಾ ಆಯಿತು ಅಂತ ಗೊತ್ತಾದ ಮೇಲೆ ಎಲ್ಲರಿಗೂ ಗಾಬರಿ. ನಮ್ಮ ಗುಂಪಿನಲ್ಲೇ ಇರುವ ಎದೆರೋಗದ ಡಾಕ್ಟರ್ ಮೇಡಂ ಇವತ್ತು ಸಂಜೆ ಉತ್ತರ ಕೊಡಲು ಒಪ್ಪಿದ್ದಾರೆ. ಐಸಿಯು, ವೆಂಟಿಲೇಟರ್ ವಿಷಯ ಬೇಡ. ಮನೆಯಲ್ಲಿ, ಗದ್ದೆಯಲ್ಲಿ, ಆಫೀಸಿನಲ್ಲಿ ಓಡಾಡಿಕೊಂಡಿರುವವರಿಗೆ ಬರುವ ನ್ಯುಮೋನಿಯಾ ಬಗ್ಗೆ ಮಾತ್ರ ಕೇಳಿ. ದಯವಿಟ್ಟು ಎಕ್ಸ್‌ರೇ ಫೋಟೋ ಹಾಕಬೇಡಿ.

ಡಾಕ್ಟರ್: ನಮಸ್ಕಾರ. ಮಲೆನಾಡಿನಲ್ಲಿ ಕೆಲಸ ಮಾಡುವವಳು ನಾನು, ಹಾಗಾಗಿ ಮಳೆ, ಹೊಗೆ, ಕೆಮ್ಮು ಮೂರೂ ದಿನಾ ಎದುರಿಗೆ ಬರುತ್ತವೆ. ಇಲ್ಲಿ ಯಾರಿಗೂ ಮಾತ್ರೆ ಬರೆದುಕೊಡುವುದಿಲ್ಲ, ಅದನ್ನು ಮೊದಲೇ ಹೇಳಿಬಿಡುತ್ತೇನೆ. ಎದೆಗೆ ಸ್ಟೆತಾಸ್ಕೋಪ್ ಇಡದೆ ಮಾತ್ರೆ ಹೇಳುವುದು ಸರಿಯಲ್ಲ. ಬಾಕಿ ಏನು ಬೇಕಾದರೂ ಕೇಳಿ.

ಪ್ರಶ್ನೆ: ಮೇಡಂ, ನಮ್ಮ ಮಾವನವರಿಗೆ ನ್ಯುಮೋನಿಯಾ ಆಗಿ ಆರು ದಿನ ಆಸ್ಪತ್ರೆಯಲ್ಲಿದ್ದರು. ಅತ್ತೆ ಈಗಲೂ ನನ್ನನ್ನೇ ಬೈಯುತ್ತಾರೆ. ರಾತ್ರಿ ಊಟಕ್ಕೆ ಮೊಸರು ಬಡಿಸಿದ್ದೆ, ಮಾರನೇ ದಿನ ಅವರು ಮಳೆಯಲ್ಲಿ ನೆನೆದು ಬಂದರು. ನಿಜವಾಗಿ ನನ್ನ ತಪ್ಪಾ?

ಡಾಕ್ಟರ್: ಇಲ್ಲಮ್ಮ. ಮೊಸರು ಹೊಟ್ಟೆಗೆ ಹೋಗುತ್ತದೆ, ಶ್ವಾಸಕೋಶಕ್ಕೆ ಅಲ್ಲ. ಈ ಉತ್ತರವನ್ನು ಅತ್ತೆಗೆ ತೋರಿಸಿ, ಬೇಕಾದರೆ ನನ್ನ ಮೇಲೆ ಸಿಟ್ಟು ಮಾಡಿಕೊಳ್ಳಲಿ.

ನ್ಯುಮೋನಿಯಾ ಅಂದರೆ ಶ್ವಾಸಕೋಶದ ಒಳಗಿರುವ ಸಣ್ಣ ಸಣ್ಣ ಗಾಳಿಚೀಲಗಳಿಗೆ ಸೋಂಕು ತಗಲುವುದು. ಗಾಳಿ ಇರಬೇಕಾದ ಜಾಗದಲ್ಲಿ ಕೀವು, ನೀರು ತುಂಬಿಕೊಳ್ಳುತ್ತದೆ. ಒಣ ಸ್ಪಂಜು ನೀರು ಕುಡಿದು ಭಾರವಾಗುತ್ತದಲ್ಲ, ಹಾಗೆ. ಇದಕ್ಕೆ ರೋಗಾಣು ಬೇಕೇ ಬೇಕು. ಬರೀ ಚಳಿಯಿಂದ ಆಗುವುದಿಲ್ಲ.

ಹಾಗಾದರೆ ಮಳೆಗಾಲ, ಚಳಿಗಾಲದಲ್ಲೇ ಯಾಕೆ ಜಾಸ್ತಿ? ಆಗ ಕಿಟಕಿ ಬಾಗಿಲು ಹಾಕಿಕೊಂಡು ಎಲ್ಲರೂ ಒಂದೇ ಕೋಣೆಯಲ್ಲಿ ಇರುತ್ತೇವೆ. ಒಬ್ಬರ ಕೆಮ್ಮು ಇನ್ನೊಬ್ಬರ ಮೂಗಿಗೆ ಸಲೀಸಾಗಿ ಹೋಗುತ್ತದೆ. ಫ್ಲೂ ಹರಡುವುದೂ ಆಗಲೇ. ಫ್ಲೂ ಬಂದು ಹೋದ ಗಂಟಲು, ಶ್ವಾಸನಾಳ ಉತ್ತ ಹೊಲದ ಹಾಗೆ ಇರುತ್ತದೆ, ಬ್ಯಾಕ್ಟೀರಿಯಾ ಅಲ್ಲಿ ಬೇಗ ಬೇರೂರುತ್ತದೆ. 1918ರ ಇನ್ಫ್ಲುಯೆಂಜಾದಲ್ಲಿ ಸತ್ತವರಲ್ಲಿ ಬಹಳಷ್ಟು ಜನರನ್ನು ಕೊಂದದ್ದು ಹೀಗೆ ಹಿಂದಿನಿಂದ ಬಂದ ಬ್ಯಾಕ್ಟೀರಿಯಾ ನ್ಯುಮೋನಿಯಾವೇ.

ಮಾವನವರಿಗೆ ಶುಗರ್ ಇದೆಯಾ? ಬೀಡಿ ಸೇದುತ್ತಾರಾ?

ಅದೇ ಸದಸ್ಯೆ: ಶುಗರ್ ಹನ್ನೆರಡು ವರ್ಷದಿಂದ ಇದೆ. ಬೀಡಿ ಬಿಟ್ಟಿದ್ದೇನೆ ಅಂತಾರೆ. ಕೊಟ್ಟಿಗೆ ಹಿಂದೆ ವಾಸನೆ ಬರುತ್ತದೆ.

ಡಾಕ್ಟರ್: ಹಾಗಾದರೆ ಮೊಸರನ್ನು ಬಿಡುಗಡೆ ಮಾಡಿ, ಕೊಟ್ಟಿಗೆ ಹಿಂದೆ ಹೋಗಿ ನೋಡಿ. ಶ್ವಾಸನಾಳದ ಒಳಗೋಡೆಯಲ್ಲಿ ಕೂದಲಿನ ಹಾಗೆ ಸಣ್ಣ ಎಳೆಗಳಿರುತ್ತವೆ. ಕಸ, ಕಫ, ರೋಗಾಣು ಎಲ್ಲವನ್ನೂ ಮೇಲಕ್ಕೆ ಗುಡಿಸಿ ಹಾಕುವುದು ಅವುಗಳ ಕೆಲಸ. ಹೊಗೆ ಈ ಪೊರಕೆಯನ್ನೇ ಹಾಳು ಮಾಡುತ್ತದೆ. ಶುಗರ್ ಜಾಸ್ತಿ ಇದ್ದರೆ ರೋಗಾಣು ಜೊತೆ ಹೊಡೆದಾಡುವ ಬಿಳಿ ರಕ್ತಕಣಗಳೂ ಮಂಕಾಗುತ್ತವೆ.

ಪ್ರಶ್ನೆ: ಮನೆಯಲ್ಲಿ ಒಬ್ಬರಿಗೆ ಬಂದರೆ ತಟ್ಟೆ ಲೋಟ ಬೇರೆ ಇಡಬೇಕಾ?

ಡಾಕ್ಟರ್: ಬೇಡ, ಸೋಪಿನಲ್ಲಿ ತೊಳೆದರೆ ಸಾಕು. ಹರಡುವುದು ರೋಗಾಣು. ಅದು ನಿಮಗೆ ಬಂದರೆ ಬರೀ ನೆಗಡಿ ಆಗಿ ಹೋಗಬಹುದು, ಇನ್ನೊಬ್ಬರಿಗೆ ನ್ಯುಮೋನಿಯಾ ಆಗಬಹುದು. ಒಂದು ವಿಚಿತ್ರ ಹೇಳುತ್ತೇನೆ. ಬ್ಯಾಕ್ಟೀರಿಯಾ ನ್ಯುಮೋನಿಯಾಗೆ ಮುಖ್ಯ ಕಾರಣ ನ್ಯುಮೋಕಾಕಸ್. ಅದು ಆರಾಮಾಗಿ ಆಡಿಕೊಂಡಿರುವ ಸಣ್ಣ ಮಕ್ಕಳ ಮೂಗು, ಗಂಟಲಲ್ಲಿ ಸುಮ್ನೆ ಕೂತಿರುತ್ತದೆ. ಮಗುವಿಗೆ ಏನೂ ಆಗಿರುವುದಿಲ್ಲ. ಮುದ್ದು ಮಾಡಿದ ಅಜ್ಜನಿಗೆ ಆಗುತ್ತದೆ. ಮೊಮ್ಮಕ್ಕಳನ್ನು ಎತ್ತಿಕೊಳ್ಳಬೇಡಿ ಅಂತ ನಾನು ಹೇಳುವುದಿಲ್ಲ, ಹೇಳಿದರೂ ಯಾರೂ ಕೇಳುವುದಿಲ್ಲ. ಕೆಮ್ಮು ನೆಗಡಿ ಇದ್ದಾಗ ದೂರ ಇರಲಿ, ಕೈ ತೊಳೆಯಲಿ, ಕೆಮ್ಮುವವರು ಮಾಸ್ಕ್ ಹಾಕಲಿ. ಲಸಿಕೆ ವಿಷಯ ಯಾರಾದರೂ ಕೇಳುತ್ತೀರಿ ಅಂತ ಗೊತ್ತು, ಆಗ ಹೇಳುತ್ತೇನೆ.

ಪ್ರಶ್ನೆ: ಮಗುವಿಗೆ ಬರೀ ನೆಗಡಿಯೋ ನ್ಯುಮೋನಿಯಾವೋ ಅಂತ ಮನೆಯಲ್ಲೇ ಹೇಗೆ ಗೊತ್ತು ಮಾಡಿಕೊಳ್ಳುವುದು? ಪ್ರತಿ ಸಲ ಕೆಮ್ಮಿದಾಗಲೂ ಪೇಟೆಗೆ ಓಡಲು ಆಗುವುದಿಲ್ಲ. ಹಳ್ಳಿಯಿಂದ ಬಸ್ಸಿಗೆ ಒಂದೂವರೆ ಗಂಟೆ.

ಡಾಕ್ಟರ್: ಇವತ್ತಿನ ಒಳ್ಳೆಯ ಪ್ರಶ್ನೆ ಇದು. ಸ್ವಲ್ಪ ಉದ್ದ ಬರೆಯುತ್ತೇನೆ.

ಕೆಮ್ಮಿನ ಸದ್ದು ಕೇಳಬೇಡಿ. ಗೊರಗೊರ ಅನ್ನುವ ಮೂಗಿಗೂ ಹೆದರಬೇಡಿ. ಉಸಿರು ಎಣಿಸಿ. ಬೇಕಾಗಿರುವುದು ಸೆಕೆಂಡ್ ತೋರಿಸುವ ಒಂದು ಗಡಿಯಾರ ಅಥವಾ ಮೊಬೈಲ್, ಅಷ್ಟೇ.

ಮಗು ಅಳುತ್ತಿರಬಾರದು, ಹಾಲು ಕುಡಿಯುತ್ತಿರಬಾರದು. ಮಲಗಿದ್ದರೆ ತುಂಬಾ ಒಳ್ಳೆಯದು. ಅಂಗಿ ಮೇಲೆತ್ತಿ, ಹೊಟ್ಟೆ ಎದೆ ಕಾಣುವ ಹಾಗೆ. ಹೊಟ್ಟೆ ಒಂದು ಸಲ ಮೇಲೆದ್ದು ಇಳಿದರೆ ಒಂದು ಉಸಿರು. ಪೂರ್ತಿ ಒಂದು ನಿಮಿಷ ಎಣಿಸಬೇಕು. ಹದಿನೈದು ಸೆಕೆಂಡ್ ಎಣಿಸಿ ನಾಲ್ಕರಿಂದ ಗುಣಿಸುವ ಜಾಣತನ ಬೇಡ, ಮಕ್ಕಳ ಉಸಿರು ಒಂದೇ ಸಮ ಇರುವುದಿಲ್ಲ.

ಎರಡು ತಿಂಗಳಿಗಿಂತ ಚಿಕ್ಕ ಮಗುವಿಗೆ ನಿಮಿಷಕ್ಕೆ 60 ಅಥವಾ ಅದಕ್ಕಿಂತ ಜಾಸ್ತಿ ಬಂದರೆ ಅದು ವೇಗದ ಉಸಿರು. ಎರಡು ತಿಂಗಳಿಂದ ಒಂದು ವರ್ಷದ ತನಕ 50. ಒಂದರಿಂದ ಐದು ವರ್ಷಕ್ಕೆ 40. ಇದು ವಿಶ್ವ ಆರೋಗ್ಯ ಸಂಸ್ಥೆಯ ಲೆಕ್ಕ. ಆಶಾ ಕಾರ್ಯಕರ್ತೆಯರಿಗೂ ಇದನ್ನೇ ಕಲಿಸುತ್ತಾರೆ. ಕೆಮ್ಮು ನೆಗಡಿ ಜೊತೆ ಈ ಗೆರೆ ದಾಟಿದರೆ ಅವತ್ತೇ ತೋರಿಸಿ. ಜ್ವರ ಏರಿದಾಗಲೂ ಉಸಿರು ಜೋರಾಗುತ್ತದೆ, ಅದಕ್ಕೆ ಜ್ವರ ಇಳಿದ ಮೇಲೆ ಇನ್ನೊಂದು ಸಲ ಎಣಿಸಿ.

ಎಣಿಸುವಾಗಲೇ ಪಕ್ಕೆಯ ಕೆಳಭಾಗ ನೋಡಿ. ಉಸಿರು ಒಳಗೆ ಎಳೆದುಕೊಂಡಾಗ ಅಲ್ಲಿ ಗುಳಿ ಬೀಳುತ್ತಿದೆಯಾ? ಅಜ್ಜಿಯರು "ಪಕ್ಕೆ ಎಳೀತಾ ಇದೆ" ಅನ್ನುತ್ತಾರಲ್ಲ, ಅದೇ ಇದು. ಅಜ್ಜಿಯರು ಇಷ್ಟನ್ನು ಸರಿಯಾಗೇ ನೋಡಿದ್ದಾರೆ. ಪಕ್ಕೆ ಎಳೆಯುತ್ತಿದ್ದರೆ ಎಣಿಕೆ ಎಷ್ಟೇ ಬರಲಿ, ಹೊರಡಿ. ಹಾಲು ನೀರು ಏನೂ ಕುಡಿಯದಿದ್ದರೆ, ಕುಡಿದದ್ದೆಲ್ಲ ವಾಂತಿಯಾದರೆ, ತುಟಿ ನೀಲಿಯಾದರೆ, ಫಿಟ್ಸ್ ಬಂದರೆ, ಎಬ್ಬಿಸಿದರೂ ಏಳದೆ ಮಂಕಾಗಿದ್ದರೆ, ಪ್ರತಿ ಉಸಿರಿಗೂ "ಹ್ಞೂಂ ಹ್ಞೂಂ" ಅಂತ ನರಳುತ್ತಿದ್ದರೆ ಬಸ್ಸಿಗೆ ಕಾಯಬೇಡಿ, 108ಕ್ಕೆ ಫೋನ್ ಮಾಡಿ. ಎರಡು ತಿಂಗಳೊಳಗಿನ ಕೂಸಿಗೆ ಜ್ವರ ಬಂದರೂ, ಮೈ ತಣ್ಣಗಾದರೂ, ಹಾಲು ಬಿಟ್ಟರೂ ಎಣಿಸುತ್ತಾ ಕೂರಬೇಡಿ, ನೇರ ಆಸ್ಪತ್ರೆ.

ಪ್ರಶ್ನೆ: ಎದೆಗೆ ಮುಲಾಮು ಹಚ್ಚಿದರೆ, ಹಬೆ ಕೊಟ್ಟರೆ ಹೋಗುತ್ತದಾ?

ಡಾಕ್ಟರ್: ನ್ಯುಮೋನಿಯಾ ಹೋಗುವುದಿಲ್ಲ. ಹಬೆಯ ಪಾತ್ರೆ ಮಗುಚಿ ಸುಟ್ಟುಕೊಂಡ ಮಕ್ಕಳನ್ನು ಮಾತ್ರ ಬೇಕಾದಷ್ಟು ನೋಡಿದ್ದೇನೆ.

ಪ್ರಶ್ನೆ: ನಮ್ಮಲ್ಲಿ ಕೂಸಿಗೆ ಎಣ್ಣೆಸ್ನಾನ ಮಾಡಿಸುವಾಗ ಮೂಗಿಗೆ ಎರಡು ತೊಟ್ಟು ಎಣ್ಣೆ ಬಿಡುತ್ತಾರೆ. ಸ್ನಾನ ಮಾಡಿಸಲು ಬರುವ ಅಜ್ಜಿ ಊರಲ್ಲಿ ನೂರಾರು ಮಕ್ಕಳಿಗೆ ಮಾಡಿದ್ದಾರೆ. ಬೇಡ ಅಂದರೆ ಬೇಜಾರು.

ಡಾಕ್ಟರ್: ಅಜ್ಜಿ ಬೇಜಾರು ಮಾಡಿಕೊಂಡರೂ ಪರವಾಗಿಲ್ಲ. ನೀರು ದಾರಿ ತಪ್ಪಿದರೆ ಕೆಮ್ಮು ಬಂದು ಹೊರಗೆ ಹಾಕುತ್ತದೆ. ಎಣ್ಣೆ ಹಾಗಲ್ಲ, ನುಣ್ಣಗೆ ಜಾರಿಕೊಂಡು ಕೆಮ್ಮನ್ನೂ ಎಬ್ಬಿಸದೆ ಶ್ವಾಸಕೋಶಕ್ಕೆ ಇಳಿಯುತ್ತದೆ. ಅಲ್ಲಿಂದ ಅದನ್ನು ತೆಗೆಯಲು ದೇಹಕ್ಕೆ ಸರಿಯಾದ ದಾರಿ ಇಲ್ಲ. ಇದಕ್ಕೆ ಲಿಪಾಯ್ಡ್ ನ್ಯುಮೋನಿಯಾ ಅಂತಲೇ ಹೆಸರಿದೆ. ಆಂಟಿಬಯಾಟಿಕ್ ಕೊಟ್ಟರೂ ಕೆಮ್ಮು ಹೋಗುವುದಿಲ್ಲ. ಡಾಕ್ಟರ್ ಬದಲಾಯಿಸುತ್ತಾರೆ, ಊರು ಬದಲಾಯಿಸುತ್ತಾರೆ, ಎಣ್ಣೆ ಮಾತ್ರ ದಿನಾ ನಡೆಯುತ್ತಿರುತ್ತದೆ. ಯಾರೂ ಕೇಳಿರುವುದಿಲ್ಲ, ಇವರೂ ಹೇಳಿರುವುದಿಲ್ಲ.

ಮೂಗು ಹಿಡಿದು ಹರಳೆಣ್ಣೆ ಕುಡಿಸುವುದೂ ಅದೇ ಜಾತಿ. ಮೈಗೆ ಎಣ್ಣೆ ಹಚ್ಚಿ, ತಲೆಗೆ ಹಚ್ಚಿ, ಚೆನ್ನಾಗಿ ತಿಕ್ಕಿ, ಯಾವ ತಕರಾರೂ ಇಲ್ಲ. ಮೂಗು ಕಟ್ಟಿದ್ದರೆ ಡಾಕ್ಟರ್ ಹೇಳುವ ಉಪ್ಪುನೀರಿನ ಹನಿ ಇದೆ. ಜೊತೆಗೆ, ಸೀಮೆಎಣ್ಣೆಯನ್ನು ನೀರಿನ ಬಾಟಲಿಯಲ್ಲಿ ಇಡಬೇಡಿ. ಮಗು ಕುಡಿದರೆ ವಾಂತಿ ಮಾಡಿಸಬೇಡಿ, ವಾಂತಿಯಲ್ಲೇ ಶ್ವಾಸಕೋಶಕ್ಕೆ ಹೋಗುವುದು. ಹಾಗೇ ಎತ್ತಿಕೊಂಡು ಆಸ್ಪತ್ರೆಗೆ ಬನ್ನಿ.

ಪ್ರಶ್ನೆ: ಅಪ್ಪನಿಗೆ 78. ಒಂದು ವರ್ಷದ ಹಿಂದೆ ಸ್ಟ್ರೋಕ್ ಆಯಿತು. ಆಮೇಲೆ ಎರಡು ಸಲ ನ್ಯುಮೋನಿಯಾ. ಬೆಂಗಳೂರಿನ ಒಂದು ದೊಡ್ಡ ಆಸ್ಪತ್ರೆಯಲ್ಲಿ ಎರಡು ಸಲವೂ ಗುಣ ಮಾಡಿ ಕಳಿಸಿದರು, ಮತ್ತೆ ಯಾಕೆ ಬಂತು ಅಂತ ಯಾರೂ ಹೇಳಲಿಲ್ಲ. ಮನೆಯಿಂದ ಹೊರಗೇ ಹೋಗುವುದಿಲ್ಲ ಅವರು. ಸೋಂಕು ಎಲ್ಲಿಂದ ಬರುತ್ತಿದೆ?

ಡಾಕ್ಟರ್: ಸರ್, ಊಟ ಹೇಗೆ ಮಾಡಿಸುತ್ತೀರಿ ಅಂತ ಹೇಳಿ.

ಅದೇ ಸದಸ್ಯರು: ಮಂಚದ ಮೇಲೆ ದಿಂಬು ಎತ್ತರ ಮಾಡಿ, ಒರಗಿಸಿ, ನಾನೇ ತಿನ್ನಿಸುತ್ತೇನೆ. ಕಾಫಿ ಕುಡಿಯುವಾಗ ಸ್ವಲ್ಪ ಕೆಮ್ಮುತ್ತಾರೆ. ಊಟ ಆದ ಕೂಡಲೇ ಮಲಗಿಬಿಡುತ್ತಾರೆ.

ಡಾಕ್ಟರ್: ಸೋಂಕು ಬರುತ್ತಿರುವುದು ಬಹುಶಃ ಅವರ ಬಾಯಿಂದಲೇ. ಸ್ಟ್ರೋಕ್ ಆದ ಮೇಲೆ ನುಂಗುವ ಸ್ನಾಯುಗಳು ಹಿಡಿತ ತಪ್ಪುತ್ತವೆ. ತುತ್ತಿನ, ಎಂಜಲಿನ ಒಂದಿಷ್ಟು ಪಾಲು ಅನ್ನನಾಳ ಬಿಟ್ಟು ಶ್ವಾಸನಾಳಕ್ಕೆ ಇಳಿಯುತ್ತದೆ. ಬಾಯಲ್ಲಿರುವ ಬ್ಯಾಕ್ಟೀರಿಯಾ ಅದರ ಜೊತೆ ಹೋಗುತ್ತದೆ. ಕಾಫಿಗೆ ಕೆಮ್ಮು ಬರುವುದೇ ಸುಳಿವು. ಕೆಲವರಿಗೆ ಕೆಮ್ಮೂ ಬರುವುದಿಲ್ಲ. ಊಟ ಆದಮೇಲೆ ಗಂಟಲಲ್ಲಿ ನೀರು ನಿಂತ ಹಾಗೆ ದನಿ ಗೊಳಗೊಳ ಅಂದರೆ ಅದೂ ಸುಳಿವೇ.

ನಾಳೆಯಿಂದ ಹೀಗೆ ಮಾಡಿ. ಒರಗಿಸಬೇಡಿ, ಕೂರಿಸಿ. ಕುರ್ಚಿಯಲ್ಲಿ ಆದರೆ ಒಳ್ಳೆಯದು, ಬೆನ್ನು ನೆಟ್ಟಗೆ, ಗದ್ದ ಸ್ವಲ್ಪ ಎದೆ ಕಡೆ ಬಾಗಿರಲಿ. ನೀವು ನಿಂತುಕೊಂಡು ತಿನ್ನಿಸಿದರೆ ಅವರು ತಲೆ ಮೇಲೆತ್ತುತ್ತಾರೆ, ಆಗ ದಾರಿ ತಪ್ಪುತ್ತದೆ. ನೀವೂ ಎದುರಿಗೆ ಕೂತುಕೊಳ್ಳಿ. ಟೀ ಚಮಚ ಸಾಕು. ಒಂದು ತುತ್ತು ನುಂಗಿದ್ದು ಗಂಟಲಲ್ಲಿ ಕಂಡ ಮೇಲೇ ಮುಂದಿನದು. ಟಿವಿ ಆರಿಸಿ, ಮಾತಾಡಿಸಬೇಡಿ. ಗಂಟಲಲ್ಲಿ ಇದ್ದದ್ದನ್ನು ನೀರು ಕುಡಿಸಿ ತಳ್ಳಬೇಡಿ. ತೆಳ್ಳಗಿನ ನೀರು, ಕಾಫಿಯೇ ಇಂಥವರಿಗೆ ಹೆಚ್ಚು ಅಪಾಯ. ಗಟ್ಟಿ ಗಂಜಿ, ರಾಗಿ ಅಂಬಲಿಯಂಥದ್ದು ನಿಧಾನ ಇಳಿಯುವುದರಿಂದ ಸುಲಭ. ಊಟ ಆದ ಮೇಲೆ ಕನಿಷ್ಠ ಅರ್ಧ ಗಂಟೆ ಕೂತೇ ಇರಲಿ.

ಹಲ್ಲು ಉಜ್ಜಿಸಿ, ದಿನಕ್ಕೆ ಎರಡು ಸಲ. ಹಾಸಿಗೆ ಹಿಡಿದವರಿಗೆ ಮೈ ಒರೆಸುತ್ತೇವೆ, ತಲೆ ಬಾಚುತ್ತೇವೆ, ಬಾಯಿ ಮರೆತುಬಿಡುತ್ತೇವೆ. ಹಲ್ಲಿನ ಸೆಟ್ ಇದ್ದರೆ ರಾತ್ರಿ ತೆಗೆದು ತೊಳೆದಿಡಿ, ಹಾಕಿಕೊಂಡು ಮಲಗಬಾರದು. ನುಂಗುವುದನ್ನು ಪರೀಕ್ಷೆ ಮಾಡಿ ತರಬೇತಿ ಕೊಡುವ ಸ್ಪೀಚ್ ಥೆರಪಿಸ್ಟ್‌ಗಳು ಇರುತ್ತಾರೆ, ಒಂದು ಸಲ ತೋರಿಸಿ. ನಿದ್ದೆ ಮಾತ್ರೆ ಕೊಡುತ್ತಿದ್ದರೆ ಅದನ್ನೂ ಡಾಕ್ಟರಿಗೆ ಹೇಳಿ.

ವಯಸ್ಸಾದವರಿಗೆ ನ್ಯುಮೋನಿಯಾ ಬಂದರೆ ಜ್ವರವೇ ಇಲ್ಲದಿರಬಹುದು. ನಿನ್ನೆ ಚೆನ್ನಾಗಿದ್ದವರು ಇವತ್ತು ಊಟ ಬೇಡ ಅಂತಾರೆ, ಮಗನನ್ನು ತಮ್ಮ ಅಂದುಕೊಳ್ಳುತ್ತಾರೆ, ಬಾತ್‌ರೂಮಿಗೆ ಹೋಗುತ್ತಾ ಬೀಳುತ್ತಾರೆ. ವಯಸ್ಸಾಯಿತು ಅಂತ ಸುಮ್ಮನಾಗಬೇಡಿ. ಅವರದ್ದೂ ಉಸಿರು ಎಣಿಸಿ. ದೊಡ್ಡವರಿಗೆ ಸುಮ್ನೆ ಕೂತಾಗ ನಿಮಿಷಕ್ಕೆ 30 ಮುಟ್ಟಿದರೆ ಗಂಭೀರ ಅಂತಲೇ ಅರ್ಥ. ಕೋವಿಡ್ ಕಾಲದಲ್ಲಿ ತಂದ ಆಕ್ಸಿಮೀಟರ್ ಇದ್ದರೆ ಹಾಕಿ ನೋಡಿ. 94ಕ್ಕಿಂತ ಕಡಿಮೆ ಬಂದರೆ ಅವತ್ತೇ ತೋರಿಸಿ, 90ರ ಕೆಳಗೆ ಹೋದರೆ ಎಮರ್ಜೆನ್ಸಿ. ಬೆರಳು ತಣ್ಣಗಿದ್ದರೆ, ಉಗುರಿಗೆ ಬಣ್ಣ ಇದ್ದರೆ ಅದು ಸುಳ್ಳು ಹೇಳಬಹುದು, ಬೆಚ್ಚಗೆ ಮಾಡಿ ಇನ್ನೊಂದು ಬೆರಳಿಗೆ ಹಾಕಿ.

ಪ್ರಶ್ನೆ: ನಮ್ಮ ಮನೆಯಲ್ಲಿ ಗ್ಯಾಸ್ ಇದೆ, ಹೊಗೆ ಸಮಸ್ಯೆ ಇಲ್ಲ. ಆದರೂ ಮಗಳಿಗೆ ಕೆಮ್ಮು ತಪ್ಪುವುದಿಲ್ಲ.

ಡಾಕ್ಟರ್: ಸ್ನಾನದ ನೀರು ಹೇಗೆ ಕಾಯಿಸುತ್ತೀರಿ?

ಅದೇ ಸದಸ್ಯೆ: ಬಚ್ಚಲು ಒಲೆ, ಹಂಡೆ.

ಡಾಕ್ಟರ್: ಅದೇ. ಅಡುಗೆಮನೆಗೆ ಗ್ಯಾಸ್ ಬಂದರೂ ಬಚ್ಚಲ ಒಲೆ ಹೋಗಿಲ್ಲ. ಮಳೆಗಾಲದಲ್ಲಿ ಹಸಿ ಸೌದೆ, ತೆಂಗಿನ ಗರಿ, ಕೆಲವು ಕಡೆ ಪ್ಲಾಸ್ಟಿಕ್ ಕವರ್ ಕೂಡ ಹಾಕಿ ಹೊತ್ತಿಸುತ್ತಾರೆ. ಮಗುವನ್ನು ಪಕ್ಕದಲ್ಲಿ ಕೂರಿಸಿಕೊಂಡು ಊದುತ್ತಾರೆ. ಸೌದೆ ಹೊಗೆ ಮಕ್ಕಳ ನ್ಯುಮೋನಿಯಾಗೆ ಗೊತ್ತಿರುವ ಕಾರಣ. ಹಂಡೆ ತೆಗೆಯಿರಿ ಅಂದರೆ ನಮ್ಮಮ್ಮನೇ ಕೇಳುವುದಿಲ್ಲ. ಆದ್ದರಿಂದ ಒಣ ಸೌದೆ ಬಳಸಿ, ಹೊಗೆಕೊಳವೆ ಸೂರಿನ ಮೇಲೆ ಹೋಗುವ ಹಾಗೆ ಮಾಡಿ, ಒಲೆ ಉರಿಯುವಾಗ ಮಗು ಅಲ್ಲಿರಬಾರದು. ಸೊಳ್ಳೆ ಬತ್ತಿ, ಮುಚ್ಚಿದ ಕೋಣೆಯ ಊದುಬತ್ತಿ, ಮನೆಯೊಳಗೆ ಅಪ್ಪ ಸೇದುವ ಸಿಗರೇಟು ಎಲ್ಲವೂ ಹೊಗೆಯೇ. ಕೆಮ್ಮು ಎರಡು ವಾರ ದಾಟಿದ್ದರೆ ಮಗಳನ್ನು ಒಮ್ಮೆ ತೋರಿಸಿ, ಅಸ್ತಮಾ ಕೂಡ ಇರಬಹುದು.

ಪ್ರಶ್ನೆ: ಲಸಿಕೆ ಇದೆಯಾ? ಎಷ್ಟು ಖರ್ಚು?

ಡಾಕ್ಟರ್: ಬಂತು ನೋಡಿ. ಮಕ್ಕಳಿಗೆ ಸರ್ಕಾರಿ ಲಸಿಕೆ ಪಟ್ಟಿಯಲ್ಲೇ ಇದೆ, ಉಚಿತ. ಪಿಸಿವಿ ಅಂತ ಹೆಸರು, ನ್ಯುಮೋಕಾಕಸ್ ವಿರುದ್ಧ. 2017ರಲ್ಲಿ ಹಿಮಾಚಲ ಪ್ರದೇಶ, ಬಿಹಾರ, ಉತ್ತರ ಪ್ರದೇಶದ ಕಡೆ ಶುರುವಾಗಿ 2021ರಲ್ಲಿ ದೇಶಕ್ಕೆಲ್ಲ ಬಂತು. ಆರು ವಾರ, ಹದಿನಾಲ್ಕು ವಾರ, ಒಂಬತ್ತು ತಿಂಗಳು, ಹೀಗೆ ಮೂರು ಡೋಸ್. ತಾಯಿ ಕಾರ್ಡ್ ತೆಗೆದು ಮೂರೂ ಬಿದ್ದಿದೆಯಾ ನೋಡಿ. ಒಂಬತ್ತು ತಿಂಗಳದ್ದು ಬಹಳ ಜನ ತಪ್ಪಿಸುತ್ತಾರೆ. ತವರಿನಿಂದ ಗಂಡನ ಮನೆಗೆ ಬಂದಿರುತ್ತಾರೆ, ಕಾರ್ಡ್ ಅಲ್ಲೇ ಉಳಿದಿರುತ್ತದೆ. ತಪ್ಪಿದ್ದರೆ ಪ್ರಾಥಮಿಕ ಆರೋಗ್ಯ ಕೇಂದ್ರದಲ್ಲಿ ಕೇಳಿ, ಈಗಲೇ. ಐದು ರೋಗಕ್ಕೆ ಒಟ್ಟಿಗೆ ಹಾಕುವ ಪೆಂಟಾವೇಲೆಂಟ್ ಲಸಿಕೆಯಲ್ಲಿರುವ ಹಿಬ್ (ಇದೂ ಒಂದು ಬ್ಯಾಕ್ಟೀರಿಯಾ) ಭಾಗ, ದಡಾರದ ಲಸಿಕೆ, ಇವೂ ನ್ಯುಮೋನಿಯಾ ತಡೆಯುವವೇ. ದಡಾರ ಬಂದ ಮಕ್ಕಳು ಸಾಯುವುದು ಹೆಚ್ಚಾಗಿ ನ್ಯುಮೋನಿಯಾದಿಂದ. ಮೊದಲ ಆರು ತಿಂಗಳು ಬರೀ ಎದೆಹಾಲು, ಅದಕ್ಕೆ ಖರ್ಚೇ ಇಲ್ಲ.

ದೊಡ್ಡವರಿಗೆ ಸರ್ಕಾರಿ ಪಟ್ಟಿಯಲ್ಲಿ ಇಲ್ಲ, ಕೈಯಿಂದ ದುಡ್ಡು ಕೊಟ್ಟು ಹಾಕಿಸಿಕೊಳ್ಳಬೇಕು, ಅಗ್ಗವೂ ಅಲ್ಲ. 65 ದಾಟಿದವರು, ಶುಗರ್, ಹೃದಯ, ಕಿಡ್ನಿ, ಹಳೇ ದಮ್ಮು ಇರುವವರು, ಗುಲ್ಮ (ಸ್ಪ್ಲೀನ್) ತೆಗೆಸಿಕೊಂಡವರು ತಮ್ಮ ಡಾಕ್ಟರನ್ನು ಕೇಳಿ. ಇವರಿಗೆಲ್ಲ ವರ್ಷಕ್ಕೊಂದು ಫ್ಲೂ ಲಸಿಕೆ ಕೂಡ ಬೇಕು, ನಮ್ಮ ಕಡೆ ಮಳೆ ಹಿಡಿಯುವ ಮುಂಚೆಯೇ ಹಾಕಿಸಿಕೊಂಡರೆ ಒಳ್ಳೆಯದು. ಯಾವ ಲಸಿಕೆಯೂ ಎಲ್ಲ ನ್ಯುಮೋನಿಯಾವನ್ನೂ ತಡೆಯುವುದಿಲ್ಲ. ಬಂದರೂ ಹಗುರವಾಗಿ ಹೋಗುವ ಸಾಧ್ಯತೆ ಜಾಸ್ತಿ, ಅಷ್ಟಕ್ಕೇ ನನ್ನ ಅಪ್ಪ ಅಮ್ಮನಿಗೆ ಹಾಕಿಸಿದ್ದೇನೆ.

ಪ್ರಶ್ನೆ: ನಾವು ಉಡುಪಿ ಕಡೆಯವರು. ಚಿಕ್ಕಪ್ಪ ಗದ್ದೆ ಕೆಲಸ ಮಾಡುವವರು, ಶುಗರ್ ಇದೆ. ಆಟಿ ತಿಂಗಳ ಮಳೆಯಲ್ಲಿ ನ್ಯುಮೋನಿಯಾ ಅಂತ ಒಂದು ಕಡೆ ಔಷಧಿ ಕೊಟ್ಟರು, ಕಡಿಮೆ ಆಗಲಿಲ್ಲ. ಆಮೇಲೆ ಟಿಬಿ ಅಂದರು. ಕೊನೆಗೆ ಏನೋ ಮೆಲಿಯೋ ಅಂತ ಹೇಳಿ ಮೂರು ತಿಂಗಳು ಮಾತ್ರೆ ಕೊಟ್ಟಿದ್ದಾರೆ. ಏನದು?

ಡಾಕ್ಟರ್: ಮೆಲಿಯಾಯ್ಡೋಸಿಸ್. ಕರಾವಳಿಯವರು ಈ ಹೆಸರು ನೆನಪಿಟ್ಟುಕೊಳ್ಳಲೇಬೇಕು. ಇದರ ಬ್ಯಾಕ್ಟೀರಿಯಾ ಮಣ್ಣು, ಕೆಸರು ನೀರಲ್ಲಿ ಇರುತ್ತದೆ. ಕಾಲಿನ ಗಾಯದಿಂದ ಒಳಗೆ ಹೋಗುತ್ತದೆ, ಜೋರು ಗಾಳಿ ಮಳೆಯಲ್ಲಿ ಉಸಿರಿನ ಜೊತೆಯೂ ಹೋಗುತ್ತದೆ. ಹಿಡಿಯುವುದು ಹೆಚ್ಚಾಗಿ ಶುಗರ್ ಇರುವವರನ್ನು. ಎಕ್ಸ್‌ರೇಯಲ್ಲಿ ಟಿಬಿ ಥರವೇ ಕಾಣುತ್ತದೆ. ಮಾಮೂಲಿ ನ್ಯುಮೋನಿಯಾ ಔಷಧಿ ಇದಕ್ಕೆ ಸಾಕಾಗುವುದಿಲ್ಲ. ಮೊದಲು ಬೇರೆ ಇಂಜೆಕ್ಷನ್, ಆಮೇಲೆ ತಿಂಗಳುಗಟ್ಟಲೆ ಮಾತ್ರೆ. ಚಿಕ್ಕಪ್ಪನಿಗೆ ಕಂಡುಹಿಡಿದದ್ದೇ ಅದೃಷ್ಟ, ರಕ್ತ, ಕಫದ ಕಲ್ಚರ್ (ರೋಗಾಣು ಬೆಳೆಸಿ ನೋಡುವ ಪರೀಕ್ಷೆ) ಮಾಡಿಸದಿದ್ದರೆ ಗೊತ್ತಾಗುವುದು ಕಷ್ಟ. ಆರಾಮಾಯಿತು ಅಂತ ಮಾತ್ರೆ ನಿಲ್ಲಿಸಿದರೆ ಮರುಕಳಿಸುತ್ತದೆ. ಮುಂದಿನ ಮಳೆಗೆ ಗಂಬೂಟು ಹಾಕಿಕೊಂಡೇ ಗದ್ದೆಗೆ ಇಳಿಯಲಿ. ಕಾಲಲ್ಲಿ ಗಾಯ ಇದ್ದರೆ ಇಳಿಯುವುದೇ ಬೇಡ.

ಪ್ರಶ್ನೆ: ಅಪಾರ್ಟ್‌ಮೆಂಟ್ ಬಾಲ್ಕನಿಯಲ್ಲಿ ಪಾರಿವಾಳ ತುಂಬಾ. ನ್ಯುಮೋನಿಯಾ ಬರುತ್ತದೆ ಅಂತ ವಾಟ್ಸಾಪ್‌ನಲ್ಲಿ ಬಂತು.

ಡಾಕ್ಟರ್: ಅರ್ಧ ನಿಜ. ಪಾರಿವಾಳದ ಹಿಕ್ಕೆ, ಪುಕ್ಕದ ಧೂಳಿಗೆ ಕೆಲವರ ಶ್ವಾಸಕೋಶ ಅಲರ್ಜಿಯಿಂದ ಊದಿಕೊಳ್ಳುತ್ತದೆ. ಅದು ಸೋಂಕಲ್ಲ, ಆಂಟಿಬಯಾಟಿಕ್‌ಗೆ ಬಗ್ಗುವುದಿಲ್ಲ, ವರ್ಷಗಟ್ಟಲೆ ಆದರೆ ಶ್ವಾಸಕೋಶ ಗಟ್ಟಿಯಾಗಿಬಿಡುತ್ತದೆ. ಕಾಳು ಹಾಕಬೇಡಿ, ಬಲೆ ಕಟ್ಟಿಸಿ. ಒಣಗಿದ ಹಿಕ್ಕೆ ಗುಡಿಸಬೇಡಿ, ನೀರು ಹಾಕಿ ನೆನೆಸಿ ತೆಗೆಯಿರಿ, ಮಾಸ್ಕ್ ಇರಲಿ.

ಪ್ರಶ್ನೆ: ಮೆಡಿಕಲ್ ಶಾಪಿನಲ್ಲಿ ಮೂರು ದಿನದ ಅಜಿತ್ರೋಮೈಸಿನ್ ಕೊಡುತ್ತಾರಲ್ಲ. ಕೆಮ್ಮು ಶುರುವಾದ ಕೂಡಲೇ ತೆಗೆದುಕೊಂಡರೆ ನ್ಯುಮೋನಿಯಾ ಆಗದಂತೆ ತಡೆಯಬಹುದಲ್ವಾ?

ಡಾಕ್ಟರ್: ಇಲ್ಲ, ದಯವಿಟ್ಟು ಬೇಡ. ಹೆಚ್ಚಿನ ಕೆಮ್ಮು ನೆಗಡಿ ವೈರಸ್‌ನಿಂದ, ಅದಕ್ಕೆ ಈ ಮಾತ್ರೆ ಮುಟ್ಟುವುದೇ ಇಲ್ಲ. ನಿಮ್ಮ ಗಂಟಲಲ್ಲಿರುವ ಬ್ಯಾಕ್ಟೀರಿಯಾಗೆ ಮಾತ್ರ ಔಷಧಿಯಿಂದ ತಪ್ಪಿಸಿಕೊಳ್ಳುವ ಪಾಠ ಕಲಿಸಿದ ಹಾಗೆ ಆಗುತ್ತದೆ. ನಾಳೆ ನಿಜವಾಗಿ ಬೇಕಾದಾಗ ಔಷಧಿ ಕೆಲಸ ಮಾಡುವುದಿಲ್ಲ. ನನಗೆ ಇದಕ್ಕಿಂತ ಹೆದರಿಕೆ ಲಿವೋಫ್ಲಾಕ್ಸಾಸಿನ್ ಅನ್ನುವ ಇನ್ನೊಂದು ಆಂಟಿಬಯಾಟಿಕ್ ಕಂಡರೆ. ಅದನ್ನೂ ಕೌಂಟರಿನಲ್ಲಿ ಕೊಡುತ್ತಾರೆ. ಅದು ಟಿಬಿಯನ್ನು ಅರೆಬರೆ ಅದುಮುತ್ತದೆ. ಒಂದು ವಾರ ಚೆನ್ನಾಗಿ ಅನ್ನಿಸುತ್ತದೆ, ಆಮೇಲೆ ಮತ್ತೆ ಕೆಮ್ಮು. ಈ ಆಟದಲ್ಲಿ ಎರಡು ಮೂರು ತಿಂಗಳು ಹೋಗುತ್ತದೆ, ಮನೆಮಂದಿಗೆಲ್ಲ ಹರಡಿರುತ್ತದೆ. ಎರಡು ವಾರ ದಾಟಿದ ಕೆಮ್ಮಿಗೆ ಸರ್ಕಾರಿ ಆಸ್ಪತ್ರೆಯಲ್ಲಿ ಕಫ ಪರೀಕ್ಷೆ ಉಚಿತ. ಮೊದಲು ಅದು.

ಪ್ರಶ್ನೆ: ನ್ಯುಮೋನಿಯಾ ಗುಣವಾಗಿ ಐದು ವಾರ ಆಯಿತು. ಮೆಟ್ಟಿಲು ಹತ್ತಿದರೆ ಇನ್ನೂ ಸುಸ್ತು. ಆಫೀಸಿನಲ್ಲಿ ನಾಟಕ ಅಂದುಕೊಂಡಿದ್ದಾರೆ.

ಡಾಕ್ಟರ್: ನಾಟಕ ಅಲ್ಲ. ಜ್ವರ ಒಂದು ವಾರದಲ್ಲಿ ಬಿಡುತ್ತದೆ, ಕೆಮ್ಮು ಆರು ವಾರದ ಹೊತ್ತಿಗೆ ಕಡಿಮೆಯಾಗುತ್ತದೆ, ಸುಸ್ತು ಮೂರು ತಿಂಗಳ ತನಕ ಎಳೆಯಬಹುದು. ದಿನಾ ಸ್ವಲ್ಪ ಸ್ವಲ್ಪ ನಡಿಗೆ ಜಾಸ್ತಿ ಮಾಡಿ. ಮತ್ತೆ ಜ್ವರ, ರಕ್ತ ಬೆರೆತ ಕಫ, ತೂಕ ಇಳಿಯುವುದು ಕಂಡರೆ ವಾಪಸ್ ಹೋಗಿ. ನಿಮಗೆ 50 ದಾಟಿದ್ದರೆ ಅಥವಾ ಸಿಗರೇಟು ಅಭ್ಯಾಸ ಇದ್ದರೆ ಇನ್ನೊಂದು ಎಕ್ಸ್‌ರೇ ಮಾಡಿಸಬೇಕಾ ಅಂತ ನಿಮ್ಮ ಡಾಕ್ಟರನ್ನು ಕೇಳಿ. ಕೆಲವೊಮ್ಮೆ ನ್ಯುಮೋನಿಯಾ ಹಿಂದೆ ಗಡ್ಡೆ ಅಡಗಿರುತ್ತದೆ. ಹೆದರಿಸಲು ಹೇಳಿದ್ದಲ್ಲ, ನೋಡಿಬಿಡುವುದು ಒಳ್ಳೆಯದು.

ಪ್ರಶ್ನೆ: ಮೇಡಂ ಕೊನೆಗೊಂದು. ಮಗನಿಗೆ ಎಂಟು ತಿಂಗಳು, ಎರಡು ದಿನದಿಂದ ನೆಗಡಿ. ನೀವು ಹೇಳಿದ ಮೇಲೆ ಎಣಿಸಿದೆ, 52 ಬಂತು. ಕೈ ನಡುಗುತ್ತಿದೆ.

ಡಾಕ್ಟರ್: ಗಾಬರಿ ಬೇಡಮ್ಮ. ಅಳುತ್ತಿತ್ತಾ? ಮೈ ಬಿಸಿ ಇದೆಯಾ? ಹಾಲು ಕುಡಿಯುತ್ತಿದೆಯಾ? ಪಕ್ಕೆ ನೋಡಿದಿರಾ?

ಅದೇ ಸದಸ್ಯೆ: ಆಗ ತಾನೇ ಅತ್ತು ಸುಮ್ಮನಾಗಿದ್ದ. ಮೈ ಬಿಸಿ ಇಲ್ಲ. ಹಾಲು ಕುಡಿಯುತ್ತಿದ್ದಾನೆ. ಪಕ್ಕೆ ಎಳೆಯುತ್ತಿಲ್ಲ.

ಡಾಕ್ಟರ್: ಹಾಗಾದರೆ ಮಲಗಿದ ಮೇಲೆ ಅಂಗಿ ಎತ್ತಿ ಇನ್ನೊಂದು ಸಲ, ಪೂರ್ತಿ ನಿಮಿಷ. ಆಗಲೂ 50 ಮುಟ್ಟಿದರೆ ಬೆಳಿಗ್ಗೆ ತನಕ ಕಾಯಬೇಡಿ, ಈಗಲೇ ಹೊರಡಿ. ನಾನು ಆನ್‌ಲೈನ್ ಇರುತ್ತೇನೆ.

ಅದೇ ಸದಸ್ಯೆ (ನಲವತ್ತು ನಿಮಿಷದ ನಂತರ): ಮಲಗಿದ. ನಾನು ಒಂದು ಸಲ, ಇವರು ಒಂದು ಸಲ ಎಣಿಸಿದೆವು. ನನಗೆ 36, ಇವರಿಗೆ 37.

ಡಾಕ್ಟರ್: ಎರಡೂ ಸರಿ. ರಾತ್ರಿ ಹಾಲಿಗೆ ಎದ್ದಾಗ ಪಕ್ಕೆ ಒಮ್ಮೆ ನೋಡಿ, ಬೆಳಿಗ್ಗೆ ಮಲಗಿರುವಾಗ ಇನ್ನೊಂದು ಸಲ ಎಣಿಸಿ ಇಲ್ಲೇ ಬರೆಯಿರಿ.